ಅಪ್ಪನ ಕ್ಯಾಸೆಟ್ಟೋ, ಹೊಸ ಎಚ್‌ಡಿಯೋ?

ಪ್ರಶ್ನೆ: 1950ರ ದಶಕದ ಒಂದು ಹಿಂದಿ ಸಿನಿಮಾವನ್ನು ಅಪ್ಪ ದೂರದರ್ಶನದಿಂದ ವಿಎಚ್‌ಎಸ್ ಕ್ಯಾಸೆಟ್‌ಗೆ ರೆಕಾರ್ಡ್ ಮಾಡಿಟ್ಟಿದ್ದರು. ಈಗ ಅದರ ಎಚ್‌ಡಿ ಪ್ರತಿ ಸಿಕ್ಕಿದೆ. ಚಿತ್ರ ಚೊಕ್ಕವಾಗಿದೆ. ಆದರೆ ಅಪ್ಪ ಮಾತ್ರ ‘ಹಾಡು ಎಳೆದ ಹಾಗಿದೆ, ದನಿಯೂ ಸರಿಯಿಲ್ಲ’ ಅಂತಾರೆ. ಕ್ಯಾಸೆಟ್ ಎಸೆಯಬಹುದಾ? – ಓದುಗರು, ಶಿವಮೊಗ್ಗ

ಉತ್ತರ: ಎಸೆಯಬೇಡಿ. ನಾನೂ ಒಮ್ಮೆ ಎರಡು ಡಬ್ಬ ಸಿಡಿಗಳನ್ನು ಗುಜರಿಗೆ ಹಾಕಿದ್ದೆ. ಅದರಲ್ಲಿದ್ದ ಒಂದು ಸಿನಿಮಾದ ಪೂರ್ತಿ ಹಾಡು ಇವತ್ತಿಗೂ ಬೇರೆಲ್ಲೂ ಸಿಕ್ಕಿಲ್ಲ. ಮನೆಯವರು ಆಗಾಗ ನೆನಪಿಸುತ್ತಾರೆ, ಅದು ಬೇರೆ ಕತೆ.

ಅಪ್ಪನ ಕಿವಿ ಚುರುಕಾಗಿದೆ. ಆದರೆ ದನಿಯ ವಿಷಯದಲ್ಲಿ ಬಹುಶಃ ಹೊಸ ಪ್ರತಿಯೇ ಸರಿ! ಸಿನಿಮಾ ರೀಲು ಸೆಕೆಂಡಿಗೆ 24 ಫ್ರೇಮ್ ಓಡುತ್ತದೆ. ನಮ್ಮ ಹಳೆಯ ಟಿವಿಯ ಪಾಲ್ (PAL) ಪ್ರಸಾರ ಪದ್ಧತಿಯಲ್ಲಿ 25. ಹಾಗಾಗಿ ಟಿವಿಗೆ ಹಾಕುವಾಗ ರೀಲನ್ನೇ ಶೇ 4ರಷ್ಟು ಜೋರಾಗಿ ಓಡಿಸುತ್ತಿದ್ದರು. ಮೂರು ಗಂಟೆಯ ಸಿನಿಮಾ ಏಳು ನಿಮಿಷ ಬೇಗ ಮುಗಿಯುತ್ತಿತ್ತು, ಹಾಡಿನ ಶ್ರುತಿಯೂ ಚೂರು ಏರುತ್ತಿತ್ತು. ಅಷ್ಟು ವರ್ಷ ಅದನ್ನೇ ಕೇಳಿದ ಕಿವಿಗೆ ಅಸಲಿಯೇ ಎಳೆದ ಹಾಗೆ ಅನಿಸುತ್ತದೆ.

ಹಾಗಂತ ಎಚ್‌ಡಿ ಪ್ರತಿಯನ್ನು ಕಣ್ಣುಮುಚ್ಚಿ ನಂಬಬೇಡಿ. ಆ ಕಾಲದ ಬಹುತೇಕ ಸಿನಿಮಾಗಳ ಚೌಕಟ್ಟು ಹಳೆಯ ಟಿವಿಯ ಹಾಗೆ ಹೆಚ್ಚುಕಡಿಮೆ ಚೌಕವೇ. ಈಗಿನ ಅಗಲ ಟಿವಿ ತುಂಬಲಿ ಅಂತ ಕೆಲವರು ಮೇಲೆ ಕೆಳಗೆ ಕತ್ತರಿಸುತ್ತಾರೆ. ಕಾಲು ಭಾಗ ಚಿತ್ರ ಮಾಯ! ಕುಣಿತದ ದೃಶ್ಯ ಹಾಕಿ, ಪಾದ ಕಾಣುತ್ತದಾ ನೋಡಿ. ಮುಖ ಮೇಣದ ಗೊಂಬೆಯ ಹಾಗಿದ್ದರೆ, ರೀಲಿನ ಸಣ್ಣ ಮರಳಿನಂಥ ಕಣಗಳನ್ನು ಅತಿಯಾಗಿ ಉಜ್ಜಿ ತೆಗೆದಿದ್ದಾರೆ ಅಂತ ಅರ್ಥ. ನನಗೆ ಗೀರುಗಳೇ ವಾಸಿ.

ಏನಾದರೂ ಕತ್ತರಿಸಿದ್ದಾರಾ ಅಂತ ತಿಳಿಯಲು ಸಂಗ್ರಹಕಾರರು ಮಾಡುವ ಲೆಕ್ಕ ಒಂದಿದೆ. ಶುರುವಿನಲ್ಲಿ ಸೆನ್ಸಾರ್ ಸರ್ಟಿಫಿಕೇಟ್ ಇದ್ದು, ಅದರಲ್ಲಿ ರೀಲಿನ ಉದ್ದ ಕಂಡರೆ ಅಲ್ಲೇ ಚಿತ್ರ ನಿಲ್ಲಿಸಿ ಓದಿಕೊಳ್ಳಿ. 35 ಎಂಎಂ ರೀಲು ನಿಮಿಷಕ್ಕೆ 90 ಅಡಿ ಓಡುತ್ತದೆ. ಉದ್ದ 14,400 ಅಡಿ ಅಂತಿದ್ದರೆ ಸಿನಿಮಾ 160 ನಿಮಿಷ ಇರಬೇಕು. ಪಾಲ್ ಪ್ರತಿಯಾದರೆ ಸುಮಾರು 154. ನಿಮ್ಮ ಎಚ್‌ಡಿ 145ಕ್ಕೇ ಮುಗಿದರೆ ಕ್ಯಾಸೆಟ್ ಪಕ್ಕದಲ್ಲಿಟ್ಟು ಹೋಲಿಸಿ. ಸಾಮಾನ್ಯವಾಗಿ ಹೋಗಿರುವುದು ಹಾಡು ಅಥವಾ ಹಾಸ್ಯದ ತುಣುಕು.

ಮನೆಯ ಕ್ಯಾಸೆಟ್ಟಿಗೆ ಇಷ್ಟೆಲ್ಲ ಯಾಕೆ ಅಂತೀರಾ? ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಶುರುವಾಗಿದ್ದೇ 1964ರಲ್ಲಿ. ಅಷ್ಟರಲ್ಲಿ ಎಷ್ಟೋ ರೀಲುಗಳನ್ನು ಅವುಗಳಲ್ಲಿರುವ ಬೆಳ್ಳಿಯ ಆಸೆಗೆ ಕರಗಿಸಿಯಾಗಿತ್ತು. ನಮ್ಮ ಮೊದಲ ಟಾಕಿ, 1931ರ ‘ಆಲಂ ಆರಾ’, ಈಗ ಸ್ಟಿಲ್ ಫೋಟೋಗಳಲ್ಲಿ ಮಾತ್ರ ಉಳಿದಿದೆ.

ಕ್ಯಾಸೆಟ್ ಹಾಕುವ ಮೊದಲು ಅದರ ಕಿಟಕಿಯಲ್ಲಿ ಬಿಳಿ ಬೂಷ್ಟು ಇದೆಯಾ ನೋಡಿ. ನಿಮ್ಮೂರಿನ ಮಳೆಗೆ ಅದು ಗ್ಯಾರಂಟಿ. ಇದ್ದರೆ ವಿಸಿಆರ್‌ಗೆ ಹಾಕಲೇಬೇಡಿ, ಟೇಪು ಹರಿಯಬಹುದು. ಕ್ಯಾಸೆಟ್ ಡಿಜಿಟಲ್ ಮಾಡಿಕೊಡುವವರ ಹತ್ತಿರ ಕೊಡಿ. ಚಿತ್ರ ತಿದ್ದದೆ, ಇದ್ದ ಹಾಗೇ ಕಾಪಿ ಮಾಡಲು ಹೇಳಿ. ಮಧ್ಯೆ ಬಂದ ನಿರ್ಮಾ ಜಾಹೀರಾತೂ ಇರಲಿ.