‘ಹಲ್ಲಿಗೆ ಎಲ್ಲ ಗೋಡೆಯೂ ಒಂದೇ’ ಎಂದು ಬರೆದವರಿಗೆ

ನಮಸ್ಕಾರ.

ಹಲ್ಲಿ ಗೋಡೆ ಹತ್ತುವ ಬಗೆಯನ್ನು ಕುರಿತು ನೀವು ಕಳಿಸಿದ ಲೇಖನ ಓದಿದೆ. ಭಾಷೆ ಸರಾಗವಾಗಿದೆ, ವಾಕ್ಯಗಳು ಚಿಕ್ಕವು, ಎಲ್ಲೂ ತಡವರಿಸುವುದಿಲ್ಲ. ಅಡುಗೆಮನೆ ಕಿಟಕಿಯ ಗಾಜಿನ ಆಚೆ ಬದಿಗೆ ಹಲ್ಲಿ ಕೂತಿದ್ದು, ಒಳಗೆ ನಿಂತ ನಿಮಗೆ ಅದರ ಬಿಳಿಚಿದ ಹೊಟ್ಟೆಯೂ ಬೆರಳಡಿಯ ಗೆರೆಗಳೂ ಕಂಡಿದ್ದನ್ನು ಬರೆದಿದ್ದೀರಲ್ಲ, ಆ ಮೊದಲ ಪ್ಯಾರಾ ನಿಜಕ್ಕೂ ಚೆನ್ನಾಗಿದೆ. ಈ ಪತ್ರ ಬರೆಯುತ್ತಿರುವುದೂ ಅದಕ್ಕಾಗಿಯೇ. ಲೇಖನ ಪೂರ್ತಿ ಸಾಧಾರಣವಾಗಿದ್ದರೆ ‘ಪ್ರಕಟಿಸಲಾಗುತ್ತಿಲ್ಲ’ ಎಂಬ ಒಂದು ಸಾಲು ಸಾಕಾಗುತ್ತಿತ್ತು.

ಅಷ್ಟು ಹತ್ತಿರದಿಂದ ನೋಡಿದವರು ಮೂರನೇ ಪ್ಯಾರಾಕ್ಕೆ ಬಂದಾಗ ಹೀಗೆ ಬರೆದಿದ್ದೀರಿ: “ಗಾಜಿರಲಿ, ಗೋಡೆಯಿರಲಿ, ಮರವಿರಲಿ, ಬಂಡೆಯಿರಲಿ, ಹಲ್ಲಿಗೆ ಎಲ್ಲವೂ ಒಂದೇ. ಪ್ರಪಂಚದ ಎಲ್ಲ ಹಲ್ಲಿಗಳ ಪಾದದಲ್ಲೂ ಲಕ್ಷಾಂತರ ರೋಮಗಳಿವೆ. ಅವು ಯಾವುದಕ್ಕೆ ಬೇಕಾದರೂ ಅಂಟುತ್ತವೆ.” ಮೂರು ವಾಕ್ಯಗಳಿವೆ, ಮೂರನ್ನೂ ಒಪ್ಪಲಾರೆ. ಒಂದೊಂದಾಗಿ ಹೇಳುತ್ತೇನೆ.

ಮೊದಲು ‘ಎಲ್ಲವೂ ಒಂದೇ’. ಹಲ್ಲಿಯ ಬೆರಳಡಿಯ ಒಂದು ರೋಮ ಸುಮಾರು 100 ಮೈಕ್ರಾನ್, ಅಂದರೆ ಮಿಲಿಮೀಟರಿನ ಹತ್ತರಲ್ಲಿ ಒಂದು ಪಾಲು ಉದ್ದ. ಅದರ ತುದಿ ನೂರಾರು ಕವಲಾಗಿ ಒಡೆದು, ಪ್ರತಿ ಕವಲಿನ ಕೊನೆಗೆ ಸುಮಾರು 200 ನ್ಯಾನೊಮೀಟರ್ (ಮೈಕ್ರಾನಿನ ಐದರಲ್ಲಿ ಒಂದು ಪಾಲು) ಅಗಲದ ಚಪ್ಪಟೆ ತುದಿ ಇರುತ್ತದೆ. ಇದಕ್ಕೆ ಸ್ಪ್ಯಾಟುಲಾ ಎನ್ನುತ್ತಾರೆ. ಅಂಟುವ ಕೆಲಸ ನಡೆಯುವುದು ಅಲ್ಲಿ. ಸ್ಪ್ಯಾಟುಲಾ ಮೇಲ್ಮೈಗೆ ತೀರಾ ಹತ್ತಿರ ಬಂದರೆ ಮಾತ್ರ ಅಣುಗಳ ನಡುವಿನ ವ್ಯಾನ್ ಡರ್ ವಾಲ್ಸ್ ಸೆಳೆತ ಕೆಲಸ ಮಾಡುತ್ತದೆ. ಅಂದಮೇಲೆ ಎಷ್ಟು ಸ್ಪ್ಯಾಟುಲಾಗಳು ಎಷ್ಟು ಹತ್ತಿರ ಬರಬಲ್ಲವು ಎಂಬುದನ್ನು ತೀರ್ಮಾನಿಸುವುದು ಎದುರಿಗಿರುವ ಮೇಲ್ಮೈಯೇ. ನಯವಾದ ಗಾಜಿನ ಮೇಲೆ ಉಗುರಿಗೆ ಸಿಕ್ಕುವಂಥದ್ದು ಏನೂ ಇಲ್ಲ, ಹೊರೆಯೆಲ್ಲ ರೋಮಗಳದ್ದು. ಒರಟು ತೊಗಟೆಯ ಮೇಲೆ ಉಗುರಿಗೂ ಕೆಲಸವಿದೆ. ಇವೆರಡರಾಚೆ ಇನ್ನೊಂದಿದೆ. ಮೇಲ್ಮೈಯ ಉಬ್ಬುತಗ್ಗು ಸ್ಪ್ಯಾಟುಲಾದ ಅಗಲಕ್ಕೆ ಹೆಚ್ಚೂಕಡಿಮೆ ಸಮನಾಗಿದ್ದರೆ ಹಿಡಿತ ಗಣನೀಯವಾಗಿ ಕುಗ್ಗುತ್ತದೆ. ಚಪ್ಪಟೆ ತುದಿಗೆ ಪೂರ್ತಿ ಊರಲು ಜಾಗ ಸಿಗುವುದಿಲ್ಲ, ಉಗುರಿಗೆ ಆ ಉಬ್ಬು ತೀರಾ ಚಿಕ್ಕದು. ನಮ್ಮ ಬೆರಳಿಗೆ ನುಣುಪೆನಿಸುವ ಜಾಗವೇ ಹಲ್ಲಿಗೆ ಕಷ್ಟದ ಜಾಗವಾಗಿರಬಹುದು. ಇದನ್ನು ಓದಿದ ದಿನ ನನಗೆ ರಾತ್ರಿಯೆಲ್ಲ ಅದೇ ಯೋಚನೆಯಾಗಿತ್ತು. ನಿಮ್ಮ ಓದುಗರಿಗೆ ಆ ಸಂತೋಷವನ್ನು ನೀವು ಯಾಕೆ ಕೊಡಲಿಲ್ಲ?

ಇನ್ನು ಸುಣ್ಣ ಬಳಿದ ಹಳೆಯ ಗೋಡೆ. ಅದರ ಪುಡಿ ನಮ್ಮ ಬೆನ್ನಿಗೇ ಮೆತ್ತಿಕೊಳ್ಳುತ್ತದೆ. ಹಲ್ಲಿಯ ಪಾದ ಆ ಪುಡಿಯನ್ನು ಹಿಡಿದರೂ ಪುಡಿ ಗೋಡೆಯನ್ನು ಹಿಡಿದಿರಬೇಕಲ್ಲ! ಪಾದಕ್ಕೆ ಧೂಳು ಮೆತ್ತಿದರೆ ಏನಾಗುತ್ತದೆ ಎಂಬುದನ್ನು ವಿಜ್ಞಾನಿಗಳು ಪರೀಕ್ಷಿಸಿ ನೋಡಿದ್ದಾರೆ. ಕೊಳೆಯಾದ ಪಾದ ಶುಚಿಯಾದ ಗಾಜಿನ ಮೇಲೆ ಕೆಲವೇ ಹೆಜ್ಜೆ ಇಡುವಷ್ಟರಲ್ಲಿ ತನ್ನಷ್ಟಕ್ಕೆ ಧೂಳು ಬಿಟ್ಟು ಹಿಡಿತವನ್ನು ಬಹುಪಾಲು ಮರಳಿ ಪಡೆಯುತ್ತದೆ ಎಂದು 2005ರಲ್ಲಿ ಹ್ಯಾನ್ಸನ್ ಮತ್ತು ಆಟಮ್ ತೋರಿಸಿದರು. ನಿಮ್ಮ ಲೇಖನದಲ್ಲಿ ಧೂಳಿನ ಮಾತೇ ಇಲ್ಲ. ಭಾರತದ ಮನೆಯ ಹಲ್ಲಿಯ ಬಗ್ಗೆ ಬರೆದು ಧೂಳನ್ನು ಬಿಡುವುದು ಹೇಗೆ?

‘ಯಾವುದಕ್ಕೆ ಬೇಕಾದರೂ ಅಂಟುತ್ತವೆ’ ಎಂಬುದಕ್ಕೆ ಟೆಫ್ಲಾನ್ ಒಂದೇ ಸಾಕು. ನಾನ್‌ಸ್ಟಿಕ್ ತವಾಕ್ಕೆ ಬಳಿಯುವ ಈ ಲೇಪನದ ಅಣುಗಳ ಸೆಳೆತ ಬಹಳ ದುರ್ಬಲ, ಒಣ ಟೆಫ್ಲಾನ್ ಮೇಲೆ ಹಲ್ಲಿ ಜಾರುತ್ತದೆ. ಅದೇ ಟೆಫ್ಲಾನನ್ನು ನೀರಿನಲ್ಲಿ ಮುಳುಗಿಸಿದರೆ ಹಿಡಿತ ಹೆಚ್ಚುತ್ತದೆ, ನೀರಿನಲ್ಲಿ ಮುಳುಗಿದ ಗಾಜಿನ ಮೇಲೆ ಹಿಡಿತ ತಪ್ಪುತ್ತದೆ. ಅಮೆರಿಕದ ಆಕ್ರನ್ ವಿಶ್ವವಿದ್ಯಾಲಯದ ತಂಡ 2013ರಲ್ಲಿ ಪ್ರಕಟಿಸಿದ ಫಲಿತಾಂಶ ಇದು. ನೀರನ್ನು ಬರಮಾಡಿಕೊಳ್ಳುವ ಗಾಜು ಪಾದಕ್ಕೂ ತನಗೂ ನಡುವೆ ನೀರಿನ ಪದರವನ್ನು ಉಳಿಸಿಕೊಳ್ಳುತ್ತದೆ. ನೀರನ್ನು ದೂಡುವ ಮೇಲ್ಮೈಯಲ್ಲಿ ಆ ಪದರ ನಿಲ್ಲುವುದಿಲ್ಲ. ಮಳೆಗಾಲದಲ್ಲಿ ನಿಮ್ಮ ಅದೇ ಕಿಟಕಿ ಹಲ್ಲಿಗೆ ಬೇರೆಯೇ ಜಾಗ.

‘ಪ್ರಪಂಚದ ಎಲ್ಲ ಹಲ್ಲಿಗಳ ಪಾದದಲ್ಲೂ’ ಎಂಬುದನ್ನಂತೂ ಹೊಡೆದುಹಾಕಿ. ಹಲ್ಲಿ ಜಾತಿಗಳಲ್ಲಿ ಬೆರಳಡಿಗೆ ಈ ರೋಮಗಳ ಅಂಟುವ ಮೆತ್ತೆ ಇರುವವು ನೂರಕ್ಕೆ ಸುಮಾರು 60 ಮಾತ್ರ. ಮೆತ್ತೆಯಿಲ್ಲದ್ದನ್ನು ಹುಡುಕಲು ದೂರ ಹೋಗಬೇಕಾಗಿಲ್ಲ. ನಮ್ಮ ಮೈಸೂರಿನ ಹೆಸರನ್ನೇ ಹೊತ್ತ ಪುಟ್ಟ ಹಲ್ಲಿಯೊಂದಿದೆ, ನೆಮಾಸ್ಪಿಸ್ ಮೈಸೋರಿಯೆನ್ಸಿಸ್. 1853ರಲ್ಲಿ ಪ್ರಾಣಿಶಾಸ್ತ್ರಜ್ಞ ಜೆರ್ಡನ್ ವಿವರಿಸಿದ್ದು. ಅದರ ಬೆರಳು ತೆಳ್ಳಗೆ, ತುದಿಗೆ ಉಗುರು, ಅಡಿಯಲ್ಲಿ ಮನೆಹಲ್ಲಿಗಿರುವಂಥ ಅಗಲವಾದ ಮೆತ್ತೆಯಿಲ್ಲ. ಪಶ್ಚಿಮ ಘಟ್ಟದ ಬಂಡೆಗಳ ಮೇಲೆ ಅದರ ಬಂಧುಬಳಗ ಹೀಗೆಯೇ ಬದುಕುತ್ತಿದೆ. ಮೈಸೂರಿನ ಓದುಗರಿಗೆ ಬರೆಯುವಾಗ ಈ ಹಲ್ಲಿಯನ್ನು ಲೆಕ್ಕದಿಂದ ಬಿಟ್ಟಿದ್ದು ನನಗೆ ನೋವಾಯಿತು.

ನಾಲ್ಕನೇ ಪ್ಯಾರಾದಲ್ಲಿ “ಒಮ್ಮೆ ಅಂಟಿದ ಪಾದವನ್ನು ಯಾವ ಶಕ್ತಿಯೂ ಕೀಳಲಾರದು” ಎಂದಿದ್ದೀರಿ. ಹಾಗಾದರೆ ಅದು ಓಡುವುದು ಹೇಗೆ? ರೋಮವನ್ನು ಕೊಂಚ ಒತ್ತಿ, ಮೇಲ್ಮೈಗುಂಟ ಕೆಲವೇ ಮೈಕ್ರಾನ್ ಎಳೆದಾಗ ಅದು ಹಿಡಿಯುತ್ತದೆ. ರೋಮಕ್ಕೂ ಮೇಲ್ಮೈಗೂ ನಡುವಿನ ಕೋನ ಸುಮಾರು 30 ಡಿಗ್ರಿ ದಾಟಿದರೆ ತಾನಾಗಿ ಬಿಡುತ್ತದೆ. ಹಲ್ಲಿ ಬೆರಳನ್ನು ತುದಿಯಿಂದ ಮೇಲಕ್ಕೆ ಸುರುಳಿ ಸುತ್ತಿ, ಗಾಯದ ಪಟ್ಟಿಯನ್ನು ಅಂಚಿನಿಂದ ಬಿಡಿಸುವ ಹಾಗೆ, ಪಾದ ಕೀಳುತ್ತದೆ. ಹಿಡಿಯುವುದಕ್ಕೂ ಬಿಡುವುದಕ್ಕೂ ಸೆಕೆಂಡಿನ ನೂರರಲ್ಲಿ ಒಂದೆರಡು ಪಾಲು ಸಾಕು. ಹಿಡಿತಕ್ಕೆ ದಿಕ್ಕಿದೆ ಎಂಬುದನ್ನು ಕಣ್ಣಾರೆ ನೋಡಬಹುದು. ತಲೆ ಕೆಳಗೆ ಮಾಡಿ ನಿಂತ ಹಲ್ಲಿಯ ಹಿಂಗಾಲನ್ನು ಗಮನಿಸಿ, ಬೆರಳುಗಳು ಹಿಂದಕ್ಕೆ, ಅಂದರೆ ಮೇಲಕ್ಕೆ ತಿರುಗಿರುತ್ತವೆ. ಇದಕ್ಕೆ ಸೂಕ್ಷ್ಮದರ್ಶಕ ಬೇಡ, ಟ್ಯೂಬ್‌ಲೈಟಿನ ಬೆಳಕು ಸಾಕು.

ಇನ್ನು ನಿಮ್ಮ ಐದನೇ ಪ್ಯಾರಾ: “ನಮ್ಮ ಮನೆಯ ಪುಟ್ಟ ಹಲ್ಲಿ 130 ಕಿಲೋ ಭಾರ ಹೊರಬಲ್ಲದು!” ಆಶ್ಚರ್ಯಸೂಚಕ ಚಿಹ್ನೆ ನಿಮ್ಮದೇ.

ನಾನು ಪತ್ರಿಕೆಗೆ ಸೇರಿದ ಹೊಸದರಲ್ಲಿ ನನಗೆ ಬರೆಯುವ ಕೆಲಸ ಕೊಡಲಿಲ್ಲ. ನಮ್ಮ ಹಿರಿಯ ಸಂಪಾದಕರು ಬೇರೆಯವರ ಲೇಖನಗಳನ್ನು ಮುಂದಿಟ್ಟು, ಅದರಲ್ಲಿ ಬರುವ ಪ್ರತಿಯೊಂದು ಅಂಕಿಯ ಪಕ್ಕದಲ್ಲಿ ಪೆನ್ಸಿಲಿನಿಂದ ಇಷ್ಟನ್ನು ಬರೆಯಲು ಹೇಳುತ್ತಿದ್ದರು: ಯಾರು ಅಳೆದರು, ಏನನ್ನು ಅಳೆದರು, ಯಾವುದರಿಂದ ಗುಣಿಸಿದರು. ಉತ್ತರ ಸಿಗದ ಅಂಕಿ ಪುಟದಲ್ಲಿ ಉಳಿಯುತ್ತಿರಲಿಲ್ಲ, ಬರೆದವರು ಎಷ್ಟೇ ದೊಡ್ಡವರಾಗಿರಲಿ. ಮಧ್ಯಾಹ್ನವೆಲ್ಲ ಗ್ರಂಥಾಲಯದಲ್ಲಿ ಕೂತು ಒಂದು ಅಂಕಿಯ ಮೂಲ ಹುಡುಕಿ ತಂದರೆ ಅವರು ತಲೆಯಾಡಿಸಿ ಮುಂದಿನದನ್ನು ಕೊಡುತ್ತಿದ್ದರು. ಹೊಗಳಿಕೆ ಅವರ ಬಾಯಲ್ಲಿ ಕೇಳಿದ ನೆನಪಿಲ್ಲ. ಆ ಕೆಲಸ ಬೇಸರ ತರಲಿಲ್ಲ. ಅಂಕಿಯ ಹಿಂದೆ ಯಾರೋ ಒಬ್ಬರು ಉಪಕರಣದ ಮುಂದೆ ಕೂತ ದಿನವಿರುತ್ತದೆ, ಆ ದಿನ ಸಿಕ್ಕರೆ ಲೇಖನವೇ ಸಿಕ್ಕಿತು ಎಂಬುದು ನನಗೆ ಅಲ್ಲಿಯೇ ತಿಳಿದದ್ದು.

ನಿಮ್ಮ 130ರ ಪಕ್ಕದಲ್ಲಿ ಈಗ ನಾನೇ ಪೆನ್ಸಿಲಿನಿಂದ ಬರೆದಿದ್ದೇನೆ. 2000ದಲ್ಲಿ ಕೆಲ್ಲರ್ ಆಟಮ್, ರಾಬರ್ಟ್ ಫುಲ್ ಮತ್ತು ಸಂಗಡಿಗರು ಟೋಕೆ ಹಲ್ಲಿಯ ಒಂದೇ ಒಂದು ರೋಮದ ಹಿಡಿತ ಅಳೆದರು, ಸುಮಾರು 200 ಮೈಕ್ರೊನ್ಯೂಟನ್ ಬಂತು (ನ್ಯೂಟನ್ ಬಲದ ಅಳತೆ, ಮೈಕ್ರೊನ್ಯೂಟನ್ ಅದರ ಹತ್ತು ಲಕ್ಷದಲ್ಲಿ ಒಂದು ಪಾಲು). ಅದನ್ನು ನಾಲ್ಕೂ ಪಾದಗಳ ಸುಮಾರು 65 ಲಕ್ಷ ರೋಮಗಳಿಂದ ಗುಣಿಸಿದರೆ 1,300 ನ್ಯೂಟನ್, ಅಂದರೆ 130 ಕಿಲೋ ಭಾರ. ಅಷ್ಟೂ ರೋಮಗಳು ಒಮ್ಮೆಗೇ, ಪೂರ್ತಿಯಾಗಿ ಹಿಡಿದರೆ ಬರುವ ಲೆಕ್ಕ ಅದು. ಜೀವಂತ ಟೋಕೆಯ ಮುಂಗಾಲುಗಳೆರಡರ ಹಿಡಿತವನ್ನು 1996ರಲ್ಲೇ ಬೇರೊಂದು ತಂಡ ಅಳೆದಿತ್ತು, ಸುಮಾರು 20 ನ್ಯೂಟನ್, ಎಂದರೆ ಎರಡು ಕಿಲೋ ಭಾರ. ರೋಮದ ಲೆಕ್ಕದ ಪ್ರಕಾರ ಬರಬೇಕಾದ್ದರಲ್ಲಿ ನೂರಕ್ಕೆ ಮೂರು ಪಾಲು. ಅಲ್ಲದೆ ಟೋಕೆ ನಮ್ಮ ಮನೆಯ ಹಲ್ಲಿಯೂ ಅಲ್ಲ. ಈಶಾನ್ಯ ಭಾರತದಲ್ಲಿ, ಆಗ್ನೇಯ ಏಷ್ಯಾದಲ್ಲಿ ಇರುವ, ಅಡಿಯುದ್ದ ಬೆಳೆಯುವ ಪ್ರಾಣಿ ಅದು. ನಮ್ಮ ಗೋಡೆಯ ಮೇಲಿನದು ಕೆಲವೇ ಗ್ರಾಂ ತೂಗುತ್ತದೆ.

ನಿಮ್ಮ ಮೂರನೇ ಪ್ಯಾರಾ ಮತ್ತು ಐದನೇ ಪ್ಯಾರಾ ಒಂದಕ್ಕೊಂದು ಹೇಗೆ ಎದುರಾಗಿವೆ ಎಂಬುದನ್ನು ನೀವು ಗಮನಿಸಿಲ್ಲ. ಐವತ್ತು ಗ್ರಾಂ ತೂಕದ ಟೋಕೆ ಗೋಡೆಯ ಮೇಲೆ ನಿಲ್ಲಲು ಪೂರ್ತಿ ಹಿಡಿದ ಎರಡೂವರೆ ಸಾವಿರ ರೋಮ ಸಾಕು. ಅಂಥ ಪ್ರಾಣಿ 65 ಲಕ್ಷ ರೋಮ ಯಾಕೆ ಹೊತ್ತು ತಿರುಗುತ್ತದೆ? ಮೇಲ್ಮೈಗಳೆಲ್ಲ ಒಂದೇ ಆಗಿದ್ದರೆ ಅದರ ಅಗತ್ಯವೇ ಇರಲಿಲ್ಲ. ಬಂಡೆ ಒರಟು, ತೊಗಟೆ ಸುಲಿಯುತ್ತದೆ, ಧೂಳು ಕೂರುತ್ತದೆ, ಗಾಳಿ ಬೀಸುತ್ತದೆ, ಕೆಲವೊಮ್ಮೆ ಬೀಳುತ್ತಾ ಬೀಳುತ್ತಾ ಒಂದೇ ಪಾದದಿಂದ ಕೊಂಬೆಗೆ ಆತುಕೊಳ್ಳಬೇಕಾಗುತ್ತದೆ. ನಮೀಬಿಯಾದ ಬಂಡೆಗಳ ಮೇಲೆ ಬದುಕುವ ಹಲ್ಲಿಗಳನ್ನು ದೀರ್ಘಕಾಲ ಅಧ್ಯಯನ ಮಾಡಿದ ಆಂಥೊನಿ ರಸೆಲ್ ಹೇಳುವುದೂ ಇದನ್ನೇ: ನಿಜವಾದ ಬಂಡೆಯ ಮೇಲೆ ಮೆತ್ತೆಯ ಅಲ್ಪ ಭಾಗಕ್ಕೆ ಮಾತ್ರ ಕಲ್ಲು ಸಿಗುತ್ತದೆ. ಪ್ರಯೋಗಾಲಯದ ಗಾಜಿನ ಮೇಲೆ ಅತಿಯೆನಿಸುವ ಬಲ ಬಂಡೆಯ ಮೇಲೆ ಅಗತ್ಯದ ಬಲ. ಇದು ನಿಮ್ಮ ಲೇಖನದ ಹೃದಯವಾಗಬೇಕಿತ್ತು. ಎರಡು ಪ್ಯಾರಾಗಳ ನಡುವೆ ಅದು ಬಿದ್ದಿತ್ತು, ನೀವು ದಾಟಿಕೊಂಡು ಹೋಗಿದ್ದೀರಿ.

ಉಳಿದದ್ದರ ಬಗ್ಗೆ, ಎಂದರೆ ಹಲ್ಲಿಶಕುನದ ಭಾಗ, ರೋಬಾಟ್‌ಗಳ ಭಾಗ, ಶೀರ್ಷಿಕೆ, ಇವುಗಳ ಬಗ್ಗೆ ಈಗ ಏನೂ ಹೇಳುವುದಿಲ್ಲ. ಮೊದಲ ಪ್ಯಾರಾವನ್ನು ಮುಟ್ಟಬೇಡಿ. ಮೂರರಿಂದ ಐದರವರೆಗಿನದನ್ನು ಪೂರ್ತಿ ತೆಗೆದು ಹೊಸದಾಗಿ ಬರೆಯಿರಿ. ನಿಮ್ಮ ಮನೆಯಲ್ಲೇ ಇರುವ ಮೇಲ್ಮೈಗಳಲ್ಲಿ ಯಾವುದರ ಮೇಲೆ ಹಲ್ಲಿ ಸಲೀಸಾಗಿ ಓಡುತ್ತದೆ, ಎಲ್ಲಿ ನಿಂತು ನಿಂತು ಹೋಗುತ್ತದೆ ಎಂದು ಕೆಲವು ಸಂಜೆ ನೋಡಿ ಬರೆದಿಟ್ಟುಕೊಳ್ಳಿ, ಆ ಟಿಪ್ಪಣಿಯನ್ನೂ ಜೊತೆಗೆ ಕಳಿಸಿ. 130 ಕಿಲೋ ಬೇಕೇ ಬೇಕು ಅನಿಸಿದರೆ ಇಟ್ಟುಕೊಳ್ಳಿ, ಆದರೆ ಅದು ಯಾವ ಹಲ್ಲಿಯದು, ಯಾವ ಗುಣಾಕಾರದ್ದು ಎಂಬುದು ಅದೇ ವಾಕ್ಯದಲ್ಲಿ ಇರಲಿ. ಬರುವ ತಿಂಗಳು 20ರೊಳಗೆ ತಲುಪಿದರೆ ಮುಂದಿನ ಸಂಚಿಕೆಯಲ್ಲಿ ನಿಮಗಾಗಿ ಎರಡು ಪುಟ ಕಾದಿರಿಸುತ್ತೇನೆ.