ಗೇಣಿದಾರನಿಗೆ ಅರ್ಜಿಯಿತ್ತು, ಕೂಲಿಯವನಿಗೆ?

ಹಾವೇರಿ ಜಿಲ್ಲೆಯ ನಿವೃತ್ತ ಶಿಕ್ಷಕರೊಬ್ಬರು ಬರೆದಿದ್ದಾರೆ: ‘ಉಳುವವನೇ ಹೊಲದೊಡೆಯ ಎಂಬ ಕಾನೂನು ಬಂದು ಐವತ್ತು ವರ್ಷ ಕಳೆದವು. ನಮ್ಮೂರಿನ ಗೇಣಿದಾರರ ಮಕ್ಕಳು ಇಂದು ಹಿಡುವಳಿದಾರರು. ಕೂಲಿಯವರು ಮಾತ್ರ ಕೂಲಿಯವರಾಗಿಯೇ ಉಳಿದರು. ಅವರಲ್ಲಿ ಕೆಲವರು ಸಿಕ್ಕ ಜಮೀನನ್ನೂ ಮಾರಿಕೊಂಡರು. ಹೀಗಿರುವಾಗ ಮತ್ತೆ ಭೂಮಿ ಕೊಡಿ ಎಂದು ನೀವು ಬರೆಯುವುದೇಕೆ?’

ಮೇಷ್ಟರೇ, ನಿಮ್ಮ ಪ್ರಶ್ನೆಯ ಮೊದಲರ್ಧ ನಿಜ. ಉಳಿದರ್ಧವನ್ನು ನಾನು ಒಪ್ಪಲಾರೆ.

1951ರಲ್ಲಿ ಸಾಗರ ತಾಲ್ಲೂಕಿನ ಕಾಗೋಡಿನಲ್ಲಿ ಜಗಳ ಹುಟ್ಟಿದ್ದು ಗೇಣಿಭತ್ತ ಅಳೆಯುವ ಕೊಳಗದ ವಿಷಯಕ್ಕೆ. ಒಡೆಯರ ಕೊಳಗ ದೊಡ್ಡದೆಂದು ತಕರಾರು ತೆಗೆದವರು ಗೇಣಿದಾರರು, ಅಂದರೆ ಒಡೆಯರ ಜಮೀನು ಉತ್ತು ಅದಕ್ಕೆ ಗೇಣಿ ಅಳೆದುಕೊಡುತ್ತಿದ್ದವರು. ಅವರಿಗೆ ಅಳೆದುಕೊಡಲು ಭತ್ತವಾದರೂ ಇತ್ತು. ಅದೇ ಗದ್ದೆಯಲ್ಲಿ ನಾಟಿ ಮಾಡಿದ ಹೆಂಗಸಿಗೆ, ಕಟಾವು ಮಾಡಿದ ಆಳಿಗೆ ಕೊಳಗದ ತಕರಾರು ತೆಗೆಯುವ ಹಕ್ಕೂ ಇರಲಿಲ್ಲ. ಈ ಅಂತರ ಮುಂದೆ ಕಾನೂನಿನೊಳಗೂ ಉಳಿಯಿತು.

ದೇವರಾಜ ಅರಸು ಅವರ ಸರ್ಕಾರ ಭೂ ಸುಧಾರಣಾ ಕಾಯ್ದೆಗೆ ತಂದ ತಿದ್ದುಪಡಿಯಿಂದ 1974ರ ಮಾರ್ಚ್ 1ರಂದು ಗೇಣಿ ಜಮೀನು ಸರ್ಕಾರಕ್ಕೆ ಸೇರಿತು. ಗೇಣಿದಾರ 7ನೇ ನಮೂನೆಯಲ್ಲಿ ಅರ್ಜಿ ಹಾಕಿ ಭೂ ನ್ಯಾಯಮಂಡಳಿಯ ಮುಂದೆ ನಿಲ್ಲಬಹುದಿತ್ತು. ಮಂಡಳಿಯೊಳಗೆ ವಕೀಲರಿಗೆ ಅವಕಾಶವಿರಲಿಲ್ಲ, ಹಾಗಾಗಿ ಓದು ಬಾರದವನೂ ತನ್ನ ಮಾತನ್ನು ತಾನೇ ಹೇಳಿದ. ಒಡೆಯ ಬೇಡವೆಂದಾಗ ಜಮೀನು ಬಿಡಬೇಕಾಗಿದ್ದ ಕರಾವಳಿಯ ಚಾಲಗೇಣಿದಾರರು ಒಡೆಯರಾದದ್ದು ಹೀಗೆ. ಅದು ದೊಡ್ಡ ಕೆಲಸ, ಅದನ್ನು ನಾನು ಎಂದೂ ಹಗುರವಾಗಿ ಕಾಣುವುದಿಲ್ಲ.

ಆದರೆ ಕೂಲಿಯವನು ಗೇಣಿ ಕೊಟ್ಟವನಲ್ಲ. ಆ ನಮೂನೆ ಅವನದಲ್ಲ. ಅವನ ಪಾಲಿಗಿದ್ದದ್ದು ಒಂದು ಕುಟುಂಬ ಇಟ್ಟುಕೊಳ್ಳಬಹುದಾದ ಮಿತಿ ಮೀರಿದ ಹೆಚ್ಚುವರಿ ಭೂಮಿ. ಅದನ್ನು ಹೊರಗೆ ತರಬೇಕಾದವರು ಯಾರು? ಒಡೆಯರೇ! ತನ್ನ ಹಿಡುವಳಿ ಎಷ್ಟೆಂದು ಒಡೆಯ ತಾನೇ ಘೋಷಣೆ ಸಲ್ಲಿಸಬೇಕು, ಅದರ ವಿಚಾರಣೆ ನಡೆಯಬೇಕು, ಅಲ್ಲಿಯವರೆಗೆ ಕೂಲಿಯವನು ಕಾಯಬೇಕು. ಐದು ಜನರ ಕುಟುಂಬಕ್ಕೆ ಮಿತಿ 10 ಯೂನಿಟ್, ಅಂದರೆ ಮಳೆಯಾಶ್ರಿತ ಖುಷ್ಕಿಯಲ್ಲಿ 54 ಎಕರೆ. ಕುಟುಂಬ ದೊಡ್ಡದಾದರೆ 20 ಯೂನಿಟ್‌ವರೆಗೂ ಹೋಗಬಹುದು. ಕಾಫಿ, ಟೀ, ರಬ್ಬರ್ ತೋಟಗಳು ಲೆಕ್ಕಕ್ಕೇ ಬರಲಿಲ್ಲ. ಇಷ್ಟಾದ ಮೇಲೂ ಮಿಕ್ಕಿದ್ದನ್ನು ಮನೆಯವರ ಹೆಸರಿಗೆ ಹಂಚಿ ಮಿತಿಯೊಳಗೆ ತೋರಿಸಲು ವಿಭಾಗಪತ್ರಗಳಿದ್ದವು.

ಇನ್ನು ಮಾರಿಕೊಂಡವರ ವಿಷಯ. ಕೆಲವು ವರ್ಷಗಳ ಹಿಂದೆ ಬಯಲುಸೀಮೆಯ ಒಂದು ಹಳ್ಳಿಯಲ್ಲಿ ಅಜ್ಜಿಯೊಬ್ಬರು ಟ್ರಂಕಿನ ತಳದಿಂದ ಪ್ಲಾಸ್ಟಿಕ್ ಚೀಲ ತೆಗೆದು, ಜಮೀನು ಮಂಜೂರಾದದ್ದಕ್ಕೆ ಸರ್ಕಾರ ಕೊಟ್ಟ ಸಾಗುವಳಿ ಚೀಟಿ ತೋರಿಸಿದರು. ಮಡಿಕೆಯ ಗೆರೆಯಲ್ಲಿ ಕಾಗದ ಹರಿದು ನಾಲ್ಕು ತುಂಡಾಗಿತ್ತು. ಹಿಂಬದಿಗೆ ಅನ್ನದ ಅಗುಳು ಹಚ್ಚಿ ಅಂಟಿಸಿದ್ದರು. ಎರಡು ಎಕರೆ, ಗಂಡನ ಹೆಸರಿಗೆ. ‘ಜಮೀನು ಎಲ್ಲಿದೆ ಅಜ್ಜಿ?’ ಎಂದೆ. ಗುಡ್ಡದ ಕಡೆ ಕೈ ತೋರಿಸಿ, ‘ಆ ಕಲ್ಲಿನ ಹತ್ತಿರ ಅಂತ ಹೇಳಿದ್ದರು’ ಎಂದರು. ಗಡಿ ಗುರುತಿಸುವ ಹದ್ದುಬಸ್ತು ಆಗಿರಲಿಲ್ಲ, ಸರ್ವೆ ನಂಬರನ್ನು ಬೇರೆ ಬೇರೆಯಾಗಿ ವಿಂಗಡಿಸುವ ಪೋಡಿಯೂ ಆಗಿರಲಿಲ್ಲ. ಅದೇ ಸರ್ವೆ ನಂಬರಿನಲ್ಲಿ ಹತ್ತಾರು ಹೆಸರು. ಗಡಿಯಿಲ್ಲದ ಜಮೀನಿಗೆ ಬ್ಯಾಂಕು ಸಾಲ ಕೊಡಲಿಲ್ಲ. ಸಾಲವಿಲ್ಲದೆ ಬಾವಿಯಿಲ್ಲ, ಎತ್ತಿಲ್ಲ. ಗಂಡನ ಕಾಯಿಲೆಗೆ ದುಡ್ಡು ಬೇಕಾದಾಗ ಪಕ್ಕದ ಹೊಲದವರು ಒಂದು ಬಿಳಿ ಹಾಳೆಯ ಮೇಲೆ ಹೆಬ್ಬೆಟ್ಟು ಒತ್ತಿಸಿಕೊಂಡರು.

ಇದನ್ನು ಮಾರಾಟ ಎನ್ನುತ್ತೀರಾ ಮೇಷ್ಟರೇ?

ಇಂಥದ್ದನ್ನು ತಡೆಯಲೆಂದೇ 1978ರಲ್ಲಿ ಪರಿಶಿಷ್ಟರಿಗೆ ಮಂಜೂರಾದ ಜಮೀನಿನ ಪರಭಾರೆ ನಿಷೇಧ ಕಾಯ್ದೆ ಬಂತು. ಕೈಬಿಟ್ಟ ಜಮೀನು ಮರಳಿ ಕೊಡಿಸಿ ಎಂದು ತಡವಾಗಿ ಅರ್ಜಿ ಹಾಕಿದಿರಿ ಎಂಬ ಕಾರಣಕ್ಕೆ ಎಷ್ಟೋ ಪ್ರಕರಣಗಳು ಬಿದ್ದುಹೋದವು. ಕಾಲಮಿತಿ ಅಡ್ಡಬಾರದೆಂದು 2023ರಲ್ಲಿ ತಿದ್ದುಪಡಿಯಾಯಿತು. ಅದಕ್ಕೂ ಮೊದಲು, 2020ರಲ್ಲಿ, ಕೃಷಿಕರಲ್ಲದವರು ಕೃಷಿ ಜಮೀನು ಕೊಳ್ಳದಂತೆ ತಡೆದಿದ್ದ ಭೂ ಸುಧಾರಣಾ ಕಾಯ್ದೆಯ 79ಎ ಮತ್ತು 79ಬಿ ಕಲಮುಗಳು ರದ್ದಾಗಿದ್ದವು. ದುಡ್ಡಿದ್ದವರಿಗೆ ಬಾಗಿಲು ತೆರೆದ ಮೇಲೆ ಕೂಲಿಯವನಿಗೆ ‘ನಿನಗೆ ಭೂಮಿ ಏಕೆ’ ಎಂದು ಕೇಳುವುದು ನನಗೆ ಅನ್ಯಾಯವಾಗಿ ಕಾಣುತ್ತದೆ. ಭೂಮಿ ಕೊಡಿ ಎಂದು ಈ ಪತ್ರಿಕೆ ಬರೆಯುತ್ತಲೇ ಇರುತ್ತದೆ. ಜೊತೆಗೆ ಅಳೆದು ಕೊಡಿ, ಕಲ್ಲು ನೆಟ್ಟು ಕೊಡಿ, ಹೆಂಡತಿಯ ಹೆಸರನ್ನೂ ಸೇರಿಸಿ ಕೊಡಿ ಎಂದೂ ಬರೆಯುತ್ತದೆ.

ನಿಮ್ಮಿಂದ ಒಂದು ಉಪಕಾರವಾಗಬೇಕು. ನಿಮ್ಮೂರಿನಲ್ಲಿ ಕೂಲಿಯವರಿಗೆ ಮಂಜೂರಾದ ಸರ್ವೆ ನಂಬರುಗಳ ಪಹಣಿ ತೆಗೆಸಿ. ಪಹಣಿಯಲ್ಲಿ ಯಾರ ಹೆಸರಿದೆ, ಹೊಲದಲ್ಲಿ ಯಾರ ನೇಗಿಲಿದೆ ಎಂದು ಬರೆದು ಕಳುಹಿಸಿ. ಎಷ್ಟು ಪುಟವಾದರೂ ಪ್ರಕಟಿಸುತ್ತೇನೆ.

— ಸಂ.