ಕೇಳಿ, ಹೇಳ್ತೀವಿ: ಚಂದ್ರನ ಜೊತೆ ಬೆಳೆಯುವ ಸಿಹಿ

ಪ್ರಶ್ನೆ: ನಾನೊಂದು ಕಥೆ ಬರೆಯುತ್ತಿದ್ದೇನೆ. ಊರು ಕಲ್ಪನೆಯದ್ದು, ಚಿತ್ರದುರ್ಗದ ಜೋಗಿಮಟ್ಟಿ ಕಡೆಯ ಹಳ್ಳಿ ಅಂದುಕೊಳ್ಳಿ. ಅಲ್ಲಿ ಯುಗಾದಿ ಮುಗಿದ ಮೇಲೆ ‘ತಿಂಗಳುಂಡೆ’ ಅನ್ನೋ ಸಿಹಿ ಮಾಡುತ್ತಾರೆ. ಹುಣ್ಣಿಮೆವರೆಗೆ ದಿನಕ್ಕೊಂದು ಪದರ ಸೇರಿಸುತ್ತಾರೆ. ಖೋವಾ, ಬಾದಾಮಿ, ಕೇಸರಿ, ಮೇಲೆ ಬೆಳ್ಳಿ ಹಾಳೆ. ನಡುರಾತ್ರಿ ಬಿದಿಗೆ ಚಂದ್ರ ಹುಟ್ಟುವಾಗ ಹೆಂಗಸರು ಹಾಡು ಹೇಳುತ್ತಾ ಶುರುಮಾಡುತ್ತಾರೆ. ಇದು ‘ಸಾವಿರಾರು ವರ್ಷಗಳ ಸಂಪ್ರದಾಯ’ ಅಂತಲೂ ಬರೆದಿದ್ದೇನೆ. ಓದಿದ ಗೆಳತಿ ‘ಚೆನ್ನಾಗಿದೆ, ಆದರೆ ನಂಬೋಕಾಗಲ್ಲ’ ಅಂದಳು. ಎಲ್ಲಿ ತಪ್ಪಿದೆ?
– ಓದುಗಿ, ದಾವಣಗೆರೆ

ಉತ್ತರ: ಹೆಸರು ನನಗೆ ತುಂಬಾ ಇಷ್ಟವಾಯಿತು. ನಮ್ಮ ಭಾಷೆಯಲ್ಲಿ ತಿಂಗಳು ಅಂದರೆ ಚಂದ್ರನೂ ಹೌದು, ಮೂವತ್ತು ದಿನವೂ ಹೌದು. ಅದನ್ನು ಬಿಡಬೇಡಿ.

ಮೊದಲು ಆಕಾಶ ಸರಿ ಮಾಡಿಕೊಳ್ಳಿ. ಬಿದಿಗೆ ಚಂದ್ರ ನಡುರಾತ್ರಿ ಹುಟ್ಟಲ್ಲ. ಹೊತ್ತು ಮುಳುಗಿದ ಮೇಲೆ ಪಡುವಣದಲ್ಲಿ ತೆಳ್ಳಗೆ ಕಾಣಿಸಿಕೊಂಡು, ಅಡುಗೆ ಮುಗಿಯುವಷ್ಟರಲ್ಲಿ ಇಳಿದುಬಿಡುತ್ತಾನೆ. ನಮ್ಮ ಸೀಮೆಯಲ್ಲಿ ಅವನು ನೆಟ್ಟಗೆ ನಿಂತ ಕುಡುಗೋಲಿನ ಹಾಗಲ್ಲ, ಸ್ವಲ್ಪ ವಾಲಿದ ದೋಣಿಯ ಹಾಗೆ ಕಾಣುತ್ತಾನೆ. ಅಷ್ಟಮಿಯ ಅರ್ಧ ಚಂದ್ರ ಸಂಜೆಗೆ ನೆತ್ತಿ ಮೇಲಿದ್ದು ನಡುರಾತ್ರಿ ಹೊತ್ತಿಗೆ ಮುಳುಗುತ್ತಾನೆ. ಹುಣ್ಣಿಮೆಯವನು ಸೂರ್ಯ ಮುಳುಗುವ ಹೊತ್ತಿಗೇ ಮೂಡಣದಲ್ಲಿ ಏಳುತ್ತಾನೆ. ಅಲ್ಲಿಂದ ದಿನಕ್ಕೆ ಹೆಚ್ಚುಕಡಿಮೆ 50 ನಿಮಿಷ ತಡ. ಸಂಕಷ್ಟಿ ಉಪವಾಸ ಹಿಡಿದವರಿಗೆ ಈ ಕಾಯುವಿಕೆ ಚೆನ್ನಾಗಿ ಗೊತ್ತು, ಅಲ್ವಾ? ನಡುರಾತ್ರಿಯೇ ಚಂದ್ರ ಹುಟ್ಟಬೇಕು ಅನ್ನುವುದಾದರೆ ಹುಣ್ಣಿಮೆ ಕಳೆದು ಬರುವ ಅಷ್ಟಮಿಗೆ ಆ ಹಾಡನ್ನು ಇಡಿ.

ಆದರೆ ಗೆಳತಿಗೆ ತಡೆದದ್ದು ಆಕಾಶ ಅಲ್ಲ ಅನ್ನಿಸುತ್ತೆ. ಖೋವಾ, ಬಾದಾಮಿ, ಕೇಸರಿ, ಬೆಳ್ಳಿ ಹಾಳೆ ಎಲ್ಲ ಮಿಠಾಯಿ ಅಂಗಡಿಯವು. ಆ ಹಳ್ಳಿಯ ಮನೆಗಳಲ್ಲಿ ಏನಿರುತ್ತೆ? ನವಣೆ, ಶೇಂಗಾ, ಬೆಲ್ಲ, ಒಣ ಕೊಬ್ಬರಿ, ಡಬ್ಬಿಯ ತಳದಲ್ಲಿ ನಾಲ್ಕು ಏಲಕ್ಕಿ. ಖೋವಾ ಫ್ರಿಜ್ ಇಲ್ಲದೆ ಹದಿನೈದು ದಿನ ನಿಲ್ಲಲ್ಲ. ಹುರಿದ ನವಣೆ ನಿಲ್ಲುತ್ತೆ. ತಂಬಿಟ್ಟು ಕಟ್ಟಿದ ಕೈಗಳಿಗೆ ನಿಮ್ಮ ತಿಂಗಳುಂಡೆ ಹೊಸದಲ್ಲ.

ಹಬ್ಬವನ್ನೂ ಯುಗಾದಿ ಕಡೆಯಿಂದ ತೆಗೆದು ಕಾರ್ತಿಕಕ್ಕೆ ತನ್ನಿ. ನವಣೆ ಮುಂಗಾರಿಗೆ ಬಿತ್ತಿದರೆ ಮೂರು ತಿಂಗಳಲ್ಲಿ ಕೊಯ್ಲಿಗೆ ಬರುತ್ತೆ. ದೀಪಾವಳಿ ಹೊತ್ತಿಗೆ ಕಾಳು ಮನೆ ಸೇರಿರುತ್ತೆ, ಶೇಂಗಾನೂ ಕಿತ್ತಿರುತ್ತಾರೆ. ನಾನಾಗಿದ್ದರೆ ಹೀಗೆ ಮಾಡುತ್ತಿದ್ದೆ: ದೀಪಾವಳಿ ಅಮಾವಾಸ್ಯೆ ಕಳೆದು ಬಿದಿಗೆ ಚಂದ್ರ ಕಂಡ ಸಂಜೆ ಊರಿನ ಗುಡಿಯಲ್ಲಿ ಒಂದು ಖಾಲಿ ಗಡಿಗೆ ಇಡುತ್ತಾರೆ, ದಿನಾ ಸಂಜೆ ಒಂದೊಂದು ಓಣಿಯವರು ಬಂದು ಮನೆಗೊಂದು ಹಿಡಿ ಹುರಿದ ನವಣೆ ಹಾಕುತ್ತಾರೆ, ಗೌರಿ ಹುಣ್ಣಿಮೆಗೆ ಗಡಿಗೆ ತುಂಬುತ್ತೆ. ಅವತ್ತು ಬೀಸಿ, ಬೆಲ್ಲದ ಪಾಕ ಹಿಡಿದು, ಎಲ್ಲರ ಕಾಳೂ ಸೇರಿದ ಒಂದೇ ದೊಡ್ಡ ಉಂಡೆ ಕಟ್ಟುತ್ತಾರೆ. ಯಾರ ಮನೆಯದು ಯಾವ ಕಾಳು ಅಂತ ಆಮೇಲೆ ಯಾರಿಗೂ ಗೊತ್ತಾಗಲ್ಲ.

ಹುಣ್ಣಿಮೆ ಆದಮೇಲೆ ಏನಾಗುತ್ತೆ ಅಂತ ನೀವು ಬರೆದೇ ಇಲ್ಲ. ಚಂದ್ರ ಕರಗುತ್ತಾನಲ್ಲ, ಉಂಡೆಯೂ ಕರಗಬೇಕು. ದಿನಾ ಒಂದು ತುಂಡು ಮುರಿದು ಯಾರಿಗೋ ಕೊಡಲಿ. ಮೊದಲ ತುಂಡು ಬಾಣಂತಿಗೋ, ಒಬ್ಬಳೇ ಇರುವ ಅಜ್ಜಿಗೋ, ಬೆಂಗಳೂರಿಗೆ ದುಡಿಯಲು ಹೋಗಿ ಹಬ್ಬಕ್ಕೆ ಬರಲಾಗದವನ ಮನೆಗೋ? ಅದನ್ನು ತೀರ್ಮಾನ ಮಾಡುವವರು ಯಾರು? ನಿಮ್ಮ ಕಥೆ ಇರುವುದು ಅಲ್ಲಿ. ಅಮಾವಾಸ್ಯೆಗೆ ಸಿಹಿ ಇಲ್ಲ, ಗಡಿಗೆ ತೊಳೆದು ಬೋರಲು ಹಾಕುತ್ತಾರೆ, ಅಷ್ಟೆ.

ಇನ್ನೊಂದು ಮಾತು, ಇದು ನನಗೆ ಎಲ್ಲಕ್ಕಿಂತ ಜಾಸ್ತಿ ಮುಖ್ಯ. ಅದು ಮಳೆ ಕಡಿಮೆ ಇರುವ ಸೀಮೆ. ಮಳೆ ಕೈಕೊಟ್ಟ ವರ್ಷ ಆ ಗಡಿಗೆ ತುಂಬುತ್ತಾ? ಹಿಡಿ ಕಾಳು ಇಲ್ಲದ ಮನೆಯವರು ಆ ಸಂಜೆ ಗುಡಿಗೆ ಬರುತ್ತಾರಾ, ಇಲ್ಲ ಬಾಗಿಲು ಹಾಕಿಕೊಂಡು ಕೂರುತ್ತಾರಾ? ಒಂದು ಬರಗಾಲದ ವರ್ಷ ಉಂಡೆ ನಿಂಬೆಹಣ್ಣಿನಷ್ಟೇ ಆಗಿತ್ತು ಅಂತ ಒಬ್ಬ ಮುದುಕಿ ನೆನಪು ಮಾಡಿಕೊಳ್ಳಲಿ, ಆ ಒಂದು ಸಾಲು ಬಂದರೆ ಸಾಕು, ‘ಸಾವಿರಾರು ವರ್ಷಗಳ ಸಂಪ್ರದಾಯ’ ಅಂತ ನೀವು ಬರೆದಿರುವುದನ್ನು ಹೊಡೆದುಹಾಕಬಹುದು.

ತಿದ್ದಿದ ಮೇಲೆ ಕಳಿಸಿ. ಓದಬೇಕು ಅಂತ ನಿಜವಾಗಿ ಆಸೆಯಿದೆ.

ಪ್ರಶ್ನೆ: ಗೌರಿ ಹುಣ್ಣಿಮೆಗೆ ಮನೆಯಲ್ಲೇ ಸಕ್ಕರೆ ಆರತಿ (ಅಚ್ಚಿಗೆ ಸಕ್ಕರೆ ಪಾಕ ಹೊಯ್ದು ಮಾಡುವ ಗೊಂಬೆ) ಮಾಡೋಣ ಅಂತ ಹಳೇ ಮರದ ಅಚ್ಚು ತೆಗೆದೆ. ಆನೆ ಸೊಂಡಿಲು, ನವಿಲಿನ ಕುತ್ತಿಗೆ ಅಚ್ಚಿನಲ್ಲೇ ಉಳಿದುಬಿಡುತ್ತೆ.
– ಓದುಗಿ, ಹರಿಹರ

ಉತ್ತರ: ಒಣ ಅಚ್ಚಿಗೆ ಹೊಯ್ದಿರಬೇಕು. ಹಿಂದಿನ ರಾತ್ರಿಯೇ ನೀರಲ್ಲಿ ನೆನೆಹಾಕಿ, ಮರ ನೀರು ಕುಡಿದಿದ್ದರೆ ಸಕ್ಕರೆ ಅಂಟಲ್ಲ. ಪಾಕ ಕುದಿಯುವಾಗ ಒಂದು ಚಮಚ ಹಾಲು ಹಾಕಿ ಮೇಲೆ ಬಂದ ಕೊಳೆ ತೆಗೆಯಿರಿ. ಗಟ್ಟಿಯಾಗುತ್ತಾ ಬಂದಾಗ ಇಳಿಸಿ, ಬೆಳ್ಳಗಾಗುವವರೆಗೆ ತಿರುವಿ, ಅಚ್ಚಿನ ಎರಡೂ ಹೋಳು ದಾರದಿಂದ ಬಿಗಿಯಾಗಿ ಕಟ್ಟಿ ಹೊಯ್ಯಿರಿ. ಪೂರ್ತಿ ಗಟ್ಟಿಯಾಗುವ ಮುಂಚೆ ಬಿಚ್ಚಬೇಡಿ, ಸೊಂಡಿಲು ಮುರಿಯುವುದು ಆ ಅವಸರಕ್ಕೇ. ಮುರಿದದ್ದನ್ನು ಮತ್ತೆ ಕರಗಿಸಿ ಹೊಯ್ಯಬಹುದು, ಒಂದೆರಡು ಚೂರು ಮಕ್ಕಳ ಕೈಗೂ ಇರಲಿ.